ಉದ್ಯಾನ ಇತಿಹಾಸ

ಉದ್ಯಾನ ಇತಿಹಾಸವು ಮನುಷ್ಯನು ಉದ್ದೇಶವಿಟ್ಟು ರೂಪಿಸಿದ ತೋಟ, ಉದ್ಯಾನ ಹಾಗೂ ಭೂದೃಶ್ಯಗಳ ಹುಟ್ಟು, ರಚನೆ, ಬಳಕೆ, ಮಾರ್ಪಾಡು ಮತ್ತು ಅಳಿವನ್ನು ಲಿಖಿತ ಆಕರ, ನೆಲದ ಕುರುಹು ಮತ್ತು ಜೀವಂತ ಸಸ್ಯಗಳ ಆಧಾರದಿಂದ ನಿರ್ಣಯಿಸುವ ಅಧ್ಯಯನ ಶಾಖೆ. ಇದನ್ನು ಕೈಗೊಳ್ಳುವವರು ಉದ್ಯಾನ ಇತಿಹಾಸಕಾರರು. ಇತಿಹಾಸ, ಪುರಾತತ್ತ್ವ, ಸಸ್ಯಶಾಸ್ತ್ರ, ವಾಸ್ತುಶಿಲ್ಪ ಮತ್ತು ನೀರಾವರಿ ಈ ಐದೂ ಇಲ್ಲಿ ಕೂಡುತ್ತವೆ. ಇತರ ಇತಿಹಾಸ ಶಾಖೆಗಳಿಗಿಲ್ಲದ ಒಂದು ತೊಡಕು ಈ ಶಾಖೆಗಿದೆ. ಕಟ್ಟಡ ನಿಂತಲ್ಲೇ ಹಳೆಯದಾಗುತ್ತದೆ, ತೋಟ ನಿಂತಲ್ಲೇ ಹೊಸದಾಗುತ್ತದೆ. ಗಿಡ ಸಾಯುತ್ತದೆ, ಅದೇ ಗುಂಡಿಯಲ್ಲಿ ಬೇರೊಂದು ಬೇರೂರುತ್ತದೆ, ಒಡೆಯ ಬದಲಾದಂತೆ ಅಭಿರುಚಿಯೂ ಬದಲಾಗುತ್ತದೆ. ಹೀಗಾಗಿ ಇಂದು ಕಣ್ಣಿಗೆ ಬೀಳುವ ರೂಪವೇ ಒಂದು ತೋಟದ ಗತಕಾಲಕ್ಕೆ ಅತ್ಯಂತ ದುರ್ಬಲ ಸಾಕ್ಷಿ. ನೀರು ಬಂದ ದಾರಿ, ಮಣ್ಣಿನ ಪದರ ಮತ್ತು ದುಡಿಮೆಯ ಲೆಕ್ಕ ಅದಕ್ಕಿಂತ ಹೆಚ್ಚು ಕಾಲ ಉಳಿಯುತ್ತವೆ. ಈ ಶಾಖೆಯ ವಿಧಾನಗಳೆಲ್ಲ ಈ ತಿಳುವಳಿಕೆಯ ಮೇಲೆ ನಿಂತಿವೆ.

ಪರಿಭಾಷೆ

ಕನ್ನಡದಲ್ಲಿ ಬೆಳೆಸಿದ ನೆಲವನ್ನು ಸೂಚಿಸುವ ಪದಗಳು ಹಲವು, ಅವುಗಳ ವ್ಯಾಪ್ತಿಯೂ ಬೇರೆಬೇರೆ. ‘ತೋಟ’ ಎಂದರೆ ಫಲ ಕೊಡುವ, ನೀರುಂಟಾದ, ದೀರ್ಘಕಾಲದ ಬೆಳೆಯ ನೆಲ. ಅಡಕೆ, ತೆಂಗು, ವೀಳ್ಯದೆಲೆಗಳ ನೆಲವೂ ತೋಟವೇ. ‘ಹೂದೋಟ’ವನ್ನು ಶಾಸನಗಳು ‘ಪೂದೋಂಟ’ ಎಂದು ಕರೆಯುತ್ತವೆ, ಅದು ಹೆಚ್ಚಾಗಿ ದೇವರ ಪೂಜೆಗೆ ಬಿಟ್ಟ ನೆಲ. ‘ಉಪವನ’ ಮತ್ತು ‘ನಂದನವನ’ಗಳು ವಿಹಾರದ ಅರ್ಥ ಹೊತ್ತ ಸಂಸ್ಕೃತ ಪದಗಳು. ‘ಹಿತ್ತಲು’ ಮನೆಗೆ ಅಂಟಿದ ನೆಲ. ಫಾರಸಿಯ ‘ಬಾಗ್’ ಕನ್ನಡಕ್ಕೆ ಎರಡು ದಾರಿಗಳಿಂದ ಬಂದಿದೆ. ಲಾಲ್‌ಬಾಗ್, ದರಿಯಾ ದೌಲತ್ ಬಾಗ್ ಮುಂತಾದ ಸ್ಥಳನಾಮಗಳಲ್ಲಿ ಅದು ಅರಸರ ಉದ್ಯಾನ. ಖುಷ್ಕಿ, ತರಿ, ಬಾಗಾಯ್ತು ಎಂಬ ಕಂದಾಯ ವರ್ಗೀಕರಣದಲ್ಲಿ ಅದೇ ಮೂಲದ ಪದ ರೈತನ ತೋಟದ ಜಮೀನು. ವಿಹಾರದ ತೋಟಕ್ಕೂ ಆದಾಯದ ತೋಟಕ್ಕೂ ನಡುವೆ ಗಟ್ಟಿ ಗೆರೆ ಎಳೆಯುವುದು ತಪ್ಪಾದೀತೆಂದು ಈ ಪದಕೋಶವೇ ಎಚ್ಚರಿಸುತ್ತದೆ. ‘ಭೂದೃಶ್ಯ’ ಎಂಬುದು ಇತ್ತೀಚಿನ ಶಾಸ್ತ್ರೀಯ ಪದ. ಈ ಲೇಖನದಲ್ಲಿ ಉದ್ಯಾನವೆಂದರೆ ಎಲ್ಲೆ ಹಾಕಿ ರೂಪಿಸಿದ ಜಾಗ, ಭೂದೃಶ್ಯವೆಂದರೆ ಆ ಎಲ್ಲೆಯಾಚೆಗೂ ಮನುಷ್ಯನ ಕೆಲಸದಿಂದ ರೂಪುಗೊಂಡ ನೆಲ.

ಹುಟ್ಟು ಮತ್ತು ಬೆಳವಣಿಗೆ

ತೋಟ ಮಾಡುವ ವಿದ್ಯೆಯ ಬರಹ ಹಳೆಯದು, ತೋಟದ ಇತಿಹಾಸದ ಬರಹ ಹೊಸದು. ಮೊದಲನೆಯದಕ್ಕೆ ಜಪಾನಿನಲ್ಲಿ 11ನೆಯ ಶತಮಾನದ ‘ಸಕುತೇಕಿ’, ಚೀನಾದಲ್ಲಿ 17ನೆಯ ಶತಮಾನದಲ್ಲಿ ಜಿ ಚೆಂಗ್ ಬರೆದ ‘ಯುವಾನ್‌ಯೆ’ ನಿದರ್ಶನಗಳು. ಕನ್ನಡದಲ್ಲಿ ಸುಮಾರು 1025ರಲ್ಲಿ ಇಮ್ಮಡಿ ಚಾವುಂಡರಾಯನು ರಚಿಸಿದ ‘ಲೋಕೋಪಕಾರ’ದಲ್ಲಿ ಅಂತರ್ಜಲ ಪತ್ತೆ ಮತ್ತು ವೃಕ್ಷಾಯುರ್ವೇದದ ಅಧ್ಯಾಯಗಳಿವೆ. ಕಲ್ಯಾಣ ಚಾಲುಕ್ಯರ ಮೂರನೆಯ ಸೋಮೇಶ್ವರನ ‘ಮಾನಸೋಲ್ಲಾಸ’ವು ಅರಸನ ವಿನೋದಗಳ ಸಾಲಿನಲ್ಲಿ ವನಕ್ರೀಡೆಯನ್ನೂ ಸೇರಿಸುತ್ತದೆ. ಇವು ಇತಿಹಾಸ ಗ್ರಂಥಗಳಲ್ಲ, ಇತಿಹಾಸಕ್ಕೆ ಆಕರಗಳು. ತೋಟಗಳ ಗತಕಾಲವನ್ನೇ ವಿಷಯವಾಗಿಸಿದ ಬರವಣಿಗೆ 18ನೆಯ ಶತಮಾನದ ಇಂಗ್ಲೆಂಡಿನಲ್ಲಿ ಕಾಣಿಸಿಕೊಂಡಿತು. ಹೊರೇಸ್ ವಾಲ್ಪೋಲ್ 1780ರಲ್ಲಿ ಪ್ರಕಟಿಸಿದ ಪ್ರಬಂಧ ಇಂಗ್ಲಿಷ್ ಸಹಜ ಶೈಲಿಯ ಉದ್ಯಾನವನ್ನು ಹಿಂದಿನ ಎಲ್ಲ ಶೈಲಿಗಳ ಮೇಲಿನ ಗೆಲುವಾಗಿ ಚಿತ್ರಿಸಿತು. ಈ ಶಾಖೆಯ ಮೊದಲ ಕಥನವೇ ಹೀಗೆ ಒಂದು ದೇಶದ ಅಭಿರುಚಿಯ ಸಮರ್ಥನೆಯಾಗಿತ್ತು. ಮುಂದಿನ ವಿದ್ವಾಂಸರ ದುಡಿಮೆಯ ದೊಡ್ಡ ಪಾಲು ಅದನ್ನು ತಿದ್ದುವುದಕ್ಕೆ ಹೋಯಿತು. 1822ರಲ್ಲಿ ಜಾನ್ ಲೌಡನ್ ತನ್ನ ತೋಟಗಾರಿಕೆ ವಿಶ್ವಕೋಶದಲ್ಲಿ ಇತಿಹಾಸ ಭಾಗಕ್ಕೆ ಜಾಗ ಕೊಟ್ಟನು. 1914ರಲ್ಲಿ ಜರ್ಮನಿಯ ಮಾರಿ ಲೂಯಿಸ್ ಗೋಥೈನ್ ಈಜಿಪ್ಟಿನಿಂದ ಆಧುನಿಕ ಕಾಲದವರೆಗಿನ ಉದ್ಯಾನ ಕಲೆಯ ಇತಿಹಾಸವನ್ನು ಎರಡು ಸಂಪುಟಗಳಲ್ಲಿ ಬರೆದಳು. ಅದಕ್ಕೆ ಒಂದು ವರ್ಷ ಮೊದಲು ಕಾನ್‌ಸ್ಟನ್ಸ್ ವಿಲಿಯರ್ಸ್-ಸ್ಟುವರ್ಟ್ ಅವರ ಮೊಗಲ್ ಉದ್ಯಾನಗಳ ಗ್ರಂಥ ಹೊರಬಂದಿತ್ತು.

ಸ್ವತಂತ್ರ ಶಾಖೆಯೆಂಬ ರೂಪ ಇದಕ್ಕೆ ಬಂದದ್ದು ಎರಡನೆಯ ಮಹಾಯುದ್ಧದ ಬಳಿಕ. 1955ರಲ್ಲಿ ಡಬ್ಲ್ಯು. ಜಿ. ಹಾಸ್ಕಿನ್ಸ್ ಇಂಗ್ಲೆಂಡಿನ ಭೂದೃಶ್ಯ ರೂಪುಗೊಂಡ ಬಗೆಯನ್ನು ಕುರಿತು ಬರೆದ ಗ್ರಂಥವು ಬೇಲಿ, ದಾರಿ, ಹೊಲಗಳ ಗೆರೆಗಳನ್ನೂ ದಾಖಲೆಯಂತೆ ಓದಬಹುದೆಂದು ತೋರಿಸಿತು. 1965ರಲ್ಲಿ ಬ್ರಿಟನ್ನಿನಲ್ಲಿ ಉದ್ಯಾನ ಇತಿಹಾಸ ಸಂಘ ಸ್ಥಾಪನೆಯಾಯಿತು. ಅಮೆರಿಕದ ವಾಷಿಂಗ್‌ಟನ್ ನಗರದಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯದ ಡಂಬಾರ್ಟನ್ ಓಕ್ಸ್ ಕೇಂದ್ರವು 1971ರಿಂದ ಉದ್ಯಾನ ಇತಿಹಾಸದ ವಿಚಾರ ಸಂಕಿರಣಗಳನ್ನು ನಡೆಸತೊಡಗಿತು. ಉದ್ಯಾನವು ಕಲಾ ಇತಿಹಾಸದ ಅಥವಾ ವಾಸ್ತುಶಿಲ್ಪದ ಒಂದು ಅಧ್ಯಾಯವೇ ಹೊರತು ಬೇರೆ ಶಾಖೆಗೆ ಅರ್ಹವಲ್ಲ ಎಂಬ ಆಕ್ಷೇಪ ಈ ಘಟ್ಟದಲ್ಲಿ ಎದ್ದಿತು. ನಕ್ಷೆಯಷ್ಟೇ ಉದ್ಯಾನವಾಗಿದ್ದರೆ ಆ ಮಾತು ನಿಲ್ಲುತ್ತಿತ್ತು. ಫ್ರಾನ್ಸಿನ ವರ್ಸೈ ಅರಮನೆಯ ಉದ್ಯಾನವನ್ನು ನೋಡಿದರೆ ಆ ಮಾತಿನ ಕೊರತೆ ತಿಳಿಯುತ್ತದೆ. ಅದರ ವಿನ್ಯಾಸಕಾರ ಆಂದ್ರೆ ಲ ನೋತ್ರ್‌ನ ರೇಖಾಗಣಿತವನ್ನು ಕಲಾ ಇತಿಹಾಸ ವಿವರಿಸಬಲ್ಲದು. ಆದರೆ ಅಲ್ಲಿನ ಕಾರಂಜಿಗಳಿಗೆ ಬೇಕಾದಷ್ಟು ನೀರು ಎಂದೂ ಒದಗಲಿಲ್ಲ. 1684ರಲ್ಲಿ ಸೇನ್ ನದಿಯಿಂದ ನೀರೆತ್ತಲು 14 ಚಕ್ರಗಳ ಮಾರ್ಲಿ ಯಂತ್ರ ಹೂಡಿದ ಮೇಲೂ ಕಾರಂಜಿಯವರು ಒಬ್ಬರಿಗೊಬ್ಬರು ಸಿಳ್ಳೆ ಹಾಕಿ, ದೊರೆ ಬಂದ ಕಡೆಯ ಕಾರಂಜಿಗಳನ್ನಷ್ಟೇ ತೆರೆಯಬೇಕಾಗಿತ್ತು. ಆ ಉದ್ಯಾನ ಹೇಗೆ ನಡೆಯಿತೆಂಬ ಪ್ರಶ್ನೆಗೆ ಉತ್ತರ ನಕ್ಷೆಯಲ್ಲಿಲ್ಲ, ನೀರಿನ ಲೆಕ್ಕದಲ್ಲಿದೆ.

ಆಕರಗಳು

ಉದ್ಯಾನ ಇತಿಹಾಸದ ಆಕರಗಳು ಮೂರು ಗುಂಪಿನವು: ಲಿಖಿತ ಮತ್ತು ಚಿತ್ರಿತ ಆಕರಗಳು, ನೆಲದ ಕುರುಹುಗಳು, ಜೀವಂತ ಸಸ್ಯಗಳು. ಲಿಖಿತ ಆಕರಗಳಲ್ಲಿ ಕಾವ್ಯ ಹೇರಳ, ಆದರೆ ಅದನ್ನು ನೆಚ್ಚಿಕೊಳ್ಳುವುದು ಕಷ್ಟ. ಮಹಾಕಾವ್ಯದಲ್ಲಿ ಉದ್ಯಾನ ಮತ್ತು ಜಲಕ್ರೀಡೆಯ ವರ್ಣನೆ ಇರಬೇಕೆಂದು ದಂಡಿಯ ಲಕ್ಷಣಗ್ರಂಥವೇ ಹೇಳುತ್ತದೆ. ಕನ್ನಡದ ಚಂಪೂ ಕವಿಗಳು ಅಷ್ಟಾದಶ ವರ್ಣನೆಗಳ ಚೌಕಟ್ಟಿನಲ್ಲಿ ಅದನ್ನು ಪಾಲಿಸಿದರು. ಮಾವು, ಮಲ್ಲಿಗೆ, ಸಂಪಿಗೆ, ಕೋಗಿಲೆಗಳು ಒಂದೇ ಪದ್ಯದಲ್ಲಿ ಕೂಡಿದ್ದರೆ ಅದು ಸಂಪ್ರದಾಯದ ತೋಟ, ಯಾವುದೋ ಊರಿನ ತೋಟವಾಗಬೇಕಿಲ್ಲ. ಶಾಸನದ ಸ್ವಭಾವ ಇದಕ್ಕೆ ವಿರುದ್ಧ. ಅದು ಸೊಬಗನ್ನು ಹೇಳುವುದಿಲ್ಲ. ಯಾರು, ಯಾವ ದೇವರಿಗೆ, ಎಷ್ಟು ಮತ್ತರು ಅಥವಾ ಕಮ್ಮ ಹೂದೋಟವನ್ನು, ಯಾವ ಕೆರೆಯ ಬಳಿ ಬಿಟ್ಟರೆಂದು ಎಲ್ಲೆಸಹಿತ ಹೇಳುತ್ತದೆ. ಕಾವ್ಯದಿಂದ ತೋಟದ ಆದರ್ಶವನ್ನು, ಶಾಸನದಿಂದ ಅದರ ನೆಲೆ ಮತ್ತು ಹಿಡುವಳಿಯನ್ನು ತಿಳಿಯಬಹುದು. ಎರಡನ್ನೂ ಬೆರೆಸಿ ಒಂದೇ ಚಿತ್ರ ಬರೆಯಲಾಗದು. ಚಿತ್ರ ಮತ್ತು ನಕ್ಷೆಗಳಿಗೂ ಇಂಥದೇ ಪರೀಕ್ಷೆ ಬೇಕು. ಇಂಗ್ಲೆಂಡಿನ ಹಂಫ್ರಿ ರೆಪ್ಟನ್ ತನ್ನ ಗಿರಾಕಿಗಳಿಗೆ ಕೆಂಪು ರಟ್ಟಿನ ಪುಸ್ತಕಗಳಲ್ಲಿ, ಮಡಿಕೆ ಎತ್ತಿದರೆ ಹಳೆಯ ನೋಟ ಹೋಗಿ ಹೊಸ ನೋಟ ಕಾಣುವಂತೆ ಚಿತ್ರಗಳನ್ನು ಕೊಡುತ್ತಿದ್ದನು. ಅವು ಸಲಹೆಗಳು, ಆಗಿಹೋದ ಕೆಲಸದ ವರದಿಗಳಲ್ಲ. ಅವುಗಳಲ್ಲಿ ಹಲವು ಕಾರ್ಯರೂಪಕ್ಕೆ ಬರಲೇ ಇಲ್ಲ.

ಸಸ್ಯ ನಾಶವಾದರೆ ಸಾಕ್ಷಿಯೂ ನಾಶವಾಯಿತು ಎಂಬ ಆಕ್ಷೇಪಕ್ಕೆ ಉತ್ತರ ನೆಲದ ಕುರುಹುಗಳಲ್ಲಿ ಸಿಕ್ಕಿತು. ಕ್ರಿ.ಶ. 79ರಲ್ಲಿ ವೆಸೂವಿಯಸ್ ಜ್ವಾಲಾಮುಖಿ ಹೂತ ಪಾಂಪೆ ನಗರದಲ್ಲಿ ಬೇರು ಕೊಳೆತ ಜಾಗ ಟೊಳ್ಳಾಗಿ ಉಳಿದಿತ್ತು. ಅಮೆರಿಕದ ವಿಲ್ಹೆಲ್ಮಿನಾ ಜಶೆಮ್‌ಸ್ಕಿ (1910–2007) ಅದರೊಳಗೆ ತುಂಬಿದ್ದ ಹರಳುಗಲ್ಲನ್ನು ತೆಗೆದು, ಸಿಮೆಂಟು ಹೊಯ್ದು ಬೇರಿನ ಅಚ್ಚು ಪಡೆದರು. ಪ್ರಾಚೀನ ದನದ ಸಂತೆಯೆಂದು ಬಹುಕಾಲ ನಂಬಿದ್ದ ಒಂದು ಬಯಲಿನಲ್ಲಿ ಅವರಿಗೆ 2,000ಕ್ಕೂ ಹೆಚ್ಚು ದ್ರಾಕ್ಷಿ ಬಳ್ಳಿಗಳ ಬೇರುಗುಳಿಗಳು ಸಾಲುಸಾಲಾಗಿ ಸಿಕ್ಕವು. ಸಂತೆಯೆಂದುಕೊಂಡಿದ್ದುದು ಊರೊಳಗಿನ ದ್ರಾಕ್ಷಿ ತೋಟವಾಗಿತ್ತು. ಆಗ್ರಾದ ಮೆಹ್ತಾಬ್ ಬಾಗ್ ಇನ್ನೊಂದು ನಿದರ್ಶನ. ತಾಜ್ ಮಹಲಿನೆದುರು ಯಮುನೆಯ ಆಚೆ ದಡದಲ್ಲಿರುವ ಆ ನೆಲ ಷಾಜಹಾನನ ಕಪ್ಪು ತಾಜ್‌ನ ಅಡಿಪಾಯವೆಂಬ ಕಥೆ ಫ್ರೆಂಚ್ ಯಾತ್ರಿಕ ತಾವೆರ್ನಿಯೆಯ ಬರಹದಿಂದ ಹಬ್ಬಿತ್ತು. 1990ರ ದಶಕದ ಉತ್ಖನನದಲ್ಲಿ ಅಲ್ಲಿ ದೊರೆತದ್ದು ಸಮಾಧಿಯಲ್ಲ, 25 ಕಾರಂಜಿಗಳಿದ್ದ ಎಂಟು ಮೂಲೆಯ ಕೊಳ. 1652ರಲ್ಲಿ ಔರಂಗಜೇಬನು ತಂದೆಗೆ ಬರೆದ ಕಾಗದದಲ್ಲಿ ಮೆಹ್ತಾಬ್ ಬಾಗ್ ನೆರೆಗೆ ಮುಳುಗಿದ್ದೂ ಅದರ ಎಂಟು ಮೂಲೆಯ ಕೊಳ ಕೆಡದೆ ಉಳಿದಿದ್ದೂ ಮೊದಲೇ ದಾಖಲಾಗಿತ್ತು. ಕಾಗದ ಮತ್ತು ಅಗೆತ ಒಂದೇ ಮಾತು ಹೇಳಿದಾಗ ನಿರ್ಣಯ ದೃಢವಾಗುತ್ತದೆ. ಕೆಲವೊಮ್ಮೆ ಅಗೆತವೂ ಬೇಕಾಗುವುದಿಲ್ಲ. 2018ರ ಬೇಸಿಗೆಯ ಬರದಲ್ಲಿ ಇಂಗ್ಲೆಂಡಿನ ಚಾಟ್ಸ್‌ವರ್ತ್ ಮನೆಯ ಹುಲ್ಲುಹಾಸು ಒಣಗಿದಾಗ, ಹುಲ್ಲಿನ ಬಣ್ಣದ ವ್ಯತ್ಯಾಸದಲ್ಲಿ 1699ರ ಹೂಪಾತಿಗಳ ವಿನ್ಯಾಸ ತಾನಾಗಿ ಮೂಡಿತು.

ಜೀವಂತ ಸಸ್ಯಗಳು ಹೆಚ್ಚಾಗಿ ಕಾಲದ ಮೇಲಿನ ಮಿತಿಯನ್ನು ತಿಳಿಸುತ್ತವೆ. ಉಷ್ಣವಲಯದ ಹಲವು ಮರಗಳಲ್ಲಿ ವಾರ್ಷಿಕ ಉಂಗುರ ಸ್ಪಷ್ಟವಾಗಿರುವುದಿಲ್ಲ, ಕಾಂಡದ ಸುತ್ತಳತೆ ಮಣ್ಣು ಮತ್ತು ನೀರಿಗೆ ತಕ್ಕಂತೆ ಬದಲಾಗುತ್ತದೆ. ಹೀಗಾಗಿ ಬರಿಯ ಗಾತ್ರ ನೋಡಿ ವಯಸ್ಸು ಹೇಳಲಾಗದು. ಆದರೆ ಸಸ್ಯದ ಮೂಲ ಗೊತ್ತಿದ್ದರೆ ಅದು ಇಲ್ಲಿಗೆ ಬಂದಿರಬಹುದಾದ ಮೊದಲ ಕಾಲವೂ ತಿಳಿಯುತ್ತದೆ. ಇಂದು ಪೂಜೆಗೂ ಹಬ್ಬಕ್ಕೂ ಬಿಡಲಾಗದ ಚೆಂಡುಹೂವು ಮೆಕ್ಸಿಕೊ ಮೂಲದ್ದು, ಆದ್ದರಿಂದ 12ನೆಯ ಶತಮಾನದ ಪೂದೋಂಟದಲ್ಲಿ ಅದಿರಲು ಸಾಧ್ಯವಿಲ್ಲ. ಗುಲ್‌ಮೊಹರ್ ಮಡಗಾಸ್ಕರ್ ದ್ವೀಪದ್ದು, ಸಸ್ಯಶಾಸ್ತ್ರಜ್ಞರ ಗಮನಕ್ಕೆ ಬಂದದ್ದು 1820ರ ದಶಕದಲ್ಲಿ. ಟಿಪ್ಪು ಕಾಲದ ತೋಟವೆಂದು ಹೇಳುವ ಪುನರ್ರಚನೆಯಲ್ಲಿ ಅದಕ್ಕೆ ಸ್ಥಾನವಿಲ್ಲ.

ಕಾರ್ಯವಿಧಾನ: ಲಾಲ್‌ಬಾಗಿನ ನಿದರ್ಶನ

ಉದ್ಯಾನ ಇತಿಹಾಸಕಾರನ ಕೆಲಸವೆಂದರೆ ಒಂದರ ಮೇಲೊಂದು ಕೂತ ಪದರಗಳನ್ನು ಬಿಡಿಸಿ, ಪ್ರತಿ ಪದರಕ್ಕೆ ಕಾಲ ಮತ್ತು ಕಾರಣ ಗೊತ್ತುಮಾಡುವುದು. ಬೆಂಗಳೂರಿನ ಲಾಲ್‌ಬಾಗ್ ಇದಕ್ಕೆ ತಕ್ಕ ನಿದರ್ಶನ. 1760ರಲ್ಲಿ ಹೈದರ್ ಅಲಿ ಆರಂಭಿಸಿ ಟಿಪ್ಪು ಸುಲ್ತಾನ್ ಬೆಳೆಸಿದನೆಂದು ಪ್ರಸಿದ್ಧವಾದ ಈ ಉದ್ಯಾನದಲ್ಲಿ ಇಂದು ಎದ್ದು ಕಾಣುವ ಬಹುಪಾಲು ಅಂಶಗಳು ಅವರ ಕಾಲದವಲ್ಲ. ಗಾಜಿನ ಮನೆಗೆ ಶಂಕುಸ್ಥಾಪನೆಯಾದದ್ದು 1889ರಲ್ಲಿ, ಜಾನ್ ಕ್ಯಾಮರಾನ್ ಮೇಲ್ವಿಚಾರಕನಾಗಿದ್ದಾಗ. ಅದಕ್ಕೂ ಮೊದಲೇ, 1856ರಲ್ಲಿ, ಲಾಲ್‌ಬಾಗ್ ಸರ್ಕಾರಿ ಸಸ್ಯೋದ್ಯಾನವಾಗಿತ್ತು. 1908ರಲ್ಲಿ ಹೊಣೆ ವಹಿಸಿಕೊಂಡ ಜರ್ಮನ್ ತೋಟಗಾರಿಕಾ ತಜ್ಞ ಗುಸ್ಟಾಫ್ ಕ್ರುಂಬಿಗಲ್ ಮತ್ತೊಂದು ಪದರ ಸೇರಿಸಿದನು. ಸುಮಾರು 240 ಎಕರೆಯ ಇಂದಿನ ವಿಸ್ತಾರವೂ ಹಂತಹಂತವಾಗಿ ಬಂದದ್ದು. ಅವೆಲ್ಲಕ್ಕಿಂತ ಹಳೆಯದೆಂದರೆ ತೋಟದ ನಡುವಿನ ಹೆಬ್ಬಂಡೆ, ಸುಮಾರು 300 ಕೋಟಿ ವರ್ಷಗಳ ಪರ್ಯಾಯ ದ್ವೀಪದ ನೈಸ್ ಶಿಲೆ. ಅದನ್ನು ಯಾರೂ ವಿನ್ಯಾಸ ಮಾಡಲಿಲ್ಲ, ಬಂದ ವಿನ್ಯಾಸಕಾರರೆಲ್ಲ ಅದನ್ನು ಸುತ್ತಿಕೊಂಡೇ ಹೋಗಬೇಕಾಯಿತು.

18ನೆಯ ಶತಮಾನದ ಪದರವನ್ನು ಹೊರಗೆಡಹಲು ನೆರವಾಗುವ ಮುಖ್ಯ ಸಾಕ್ಷಿ ಫ್ರಾನ್ಸಿಸ್ ಬುಕಾನನ್‌ನದು. ಟಿಪ್ಪುವಿನ ಮರಣದ ಮರುವರ್ಷ, 1800ರಲ್ಲಿ, ಕಂಪನಿ ಸರ್ಕಾರದ ಆದೇಶದ ಮೇಲೆ ಮೈಸೂರು ಸೀಮೆಯಲ್ಲಿ ಸಂಚರಿಸಿದ ಅವನ ವರದಿ 1807ರಲ್ಲಿ ಅಚ್ಚಾಯಿತು. ಬೆಂಗಳೂರಿನ ಅರಸು ತೋಟಗಳು ಚೌಕ ಮಡಿಗಳಾಗಿ ಹಂಚಿದ್ದವೆಂದೂ, ನಡುವಣ ದಾರಿಗಳ ಅಂಚಿಗೆ ಸೈಪ್ರಸ್ ಮರಗಳಿದ್ದವೆಂದೂ, ಒಂದು ಮಡಿಗೆ ಒಂದೇ ಜಾತಿಯಂತೆ ಗುಲಾಬಿಗೆ ಬೇರೆ, ದಾಳಿಂಬೆಗೆ ಬೇರೆ ಜಾಗವಿತ್ತೆಂದೂ ಅವನು ಹೇಳುತ್ತಾನೆ. ಆ ಕಾಲದ ಇಂಗ್ಲಿಷರ ನಕ್ಷೆಗಳಲ್ಲಿ ಈ ಜಾಗಕ್ಕೆ ಸೈಪ್ರಸ್ ತೋಟವೆಂಬ ಹೆಸರಿರುವುದು ಇದಕ್ಕೆ ಹೊಂದುತ್ತದೆ. ಆದರೆ ಅವನ ವರದಿಯ ಹೆಚ್ಚು ಬೆಲೆಯುಳ್ಳ ಭಾಗ ನೀರಿನದು. ಹೈದರನ ತೋಟಕ್ಕೆ ಮೂರು ಬಾವಿಗಳಿಂದ ಕಪಿಲೆಯ ನೀರು ಬರುತ್ತಿತ್ತು. ರಾಟೆಯ ಮೇಲೆ ಹಾಯ್ದ ಹಗ್ಗಕ್ಕೆ ತೊಗಲಿನ ಚೀಲ ಕಟ್ಟಿ, ಜೋಡೆತ್ತುಗಳನ್ನು ಇಳಿಜಾರಿನಲ್ಲಿ ನಡೆಸಿ ನೀರೆತ್ತುತ್ತಿದ್ದರು. ಏತಕ್ಕಿಂತ ಇದರಿಂದ ಹೆಚ್ಚು ಕೆಲಸವಾಗುತ್ತದೆಂದು ಆಳುಗಳು ಹೇಳಿದ್ದನ್ನೂ ಅವನು ಬರೆದಿಟ್ಟಿದ್ದಾನೆ. ಟಿಪ್ಪುವಿನ ತೋಟಕ್ಕೋ ಯಾವ ಯಂತ್ರದ ನೆರವೂ ಇಲ್ಲದೆ ಜಲಾಶಯದಿಂದ ನೀರು ಹರಿಯುತ್ತಿತ್ತು. ಈ ಕೆಲವು ವಾಕ್ಯಗಳಿಂದ ಮೂರು ಸಂಗತಿ ತಿಳಿಯುತ್ತವೆ. ತಂದೆಯ ತೋಟ ಮತ್ತು ಮಗನ ತೋಟವನ್ನು ಬುಕಾನನ್ ಬೇರೆಬೇರೆಯಾಗಿ ಕಂಡಿದ್ದನು, ಆದ್ದರಿಂದ ಎರಡನ್ನೂ ಒಂದೇ ಹೆಸರಿನಡಿ ಬೆರೆಸಿ ಓದಬಾರದು. ಎರಡರ ನೆಲಮಟ್ಟ ಮತ್ತು ಜಲಮೂಲ ಬೇರೆಯಾಗಿದ್ದವು, ಆದ್ದರಿಂದ ಖರ್ಚೂ ಆಳುಗಳ ಅಗತ್ಯವೂ ಬೇರೆಯಾಗಿದ್ದವು. ಗುಲಾಬಿ ಮಡಿ ಎಷ್ಟು ದೊಡ್ಡದಿರಬೇಕೆಂಬುದನ್ನು ಅರಸನ ಆಸೆಯ ಜೊತೆಗೆ ಎತ್ತುಗಳ ಕಸುವೂ ನಿರ್ಧರಿಸುತ್ತಿತ್ತು.

ಬುಕಾನನ್ ಗೆದ್ದವರ ಕಡೆಯವನು, ಅವನ ಮಾತನ್ನು ನಂಬುವುದು ಹೇಗೆ ಎಂಬ ಆಕ್ಷೇಪ ನ್ಯಾಯವಾದದ್ದು. ದಾರಿಗಳು ಅಚ್ಚುಕಟ್ಟಾಗಿರಲಿಲ್ಲವೆಂಬ ಅವನ ತೀರ್ಪಿನಲ್ಲಿ ಯುದ್ಧದ ನಂತರದ ಅಲಕ್ಷ್ಯ ಎಷ್ಟು, ಅವನ ನಾಡಿನ ಅಭಿರುಚಿ ಎಷ್ಟು ಎಂದು ಬೇರ್ಪಡಿಸಿ ನೋಡಬೇಕು. ಆದರೆ ಬಾವಿಗಳ ಸಂಖ್ಯೆ ಮತ್ತು ನೀರೆತ್ತುವ ಬಗೆಯನ್ನು ತಿರುಚಿದರೆ ಅವನಿಗೆ ಯಾವ ಲಾಭವೂ ಇರಲಿಲ್ಲ. ಅಭಿರುಚಿಯ ಮಾತನ್ನು ಅನುಮಾನಿಸಿ, ನೀರು ಮತ್ತು ದುಡಿಮೆಯ ಮಾತಿಗೆ ಹೆಚ್ಚು ತೂಕ ಕೊಡುವುದು ಈ ಶಾಖೆಯ ಸಾಮಾನ್ಯ ನಿಯಮ. ಸ್ಥಳನಾಮದ ವಿಷಯದಲ್ಲೂ ಎಚ್ಚರ ಬೇಕು. ಶ್ರೀರಂಗಪಟ್ಟಣದಲ್ಲಿ ಹೈದರ್ ಮತ್ತು ಟಿಪ್ಪು ಸಮಾಧಿಯಾದ ಗುಂಬಜ್ ಇರುವ ತೋಟದ ಹೆಸರೂ ಲಾಲ್‌ಬಾಗ್. ಒಂದರ ವರ್ಣನೆಯನ್ನು ಇನ್ನೊಂದಕ್ಕೆ ಹಚ್ಚುವ ತಪ್ಪು ಸುಲಭವಾಗಿ ಆಗುತ್ತದೆ.

ಪ್ರಕಾರಗಳು

ಅಧ್ಯಯನದ ವಸ್ತುವನ್ನು ಬಳಕೆಯ ದೃಷ್ಟಿಯಿಂದ ವಿಹಾರದ ಉದ್ಯಾನ, ದೇವಾಲಯದ ಹೂದೋಟ, ಸಮಾಧಿ ಉದ್ಯಾನ, ಸಸ್ಯಶಾಸ್ತ್ರೀಯ ಉದ್ಯಾನ ಮತ್ತು ಸಾರ್ವಜನಿಕ ಉದ್ಯಾನ ಎಂದು ವಿಂಗಡಿಸುವುದು ರೂಢಿ. ಶ್ರೀರಂಗಪಟ್ಟಣದ ದರಿಯಾ ದೌಲತ್ (1784) ಮೊದಲನೆಯದಕ್ಕೆ, ದೆಹಲಿಯ ಹುಮಾಯೂನನ ಸಮಾಧಿ ಮೂರನೆಯದಕ್ಕೆ, 1545ರಲ್ಲಿ ಸ್ಥಾಪನೆಯಾದ ಇಟಲಿಯ ಪಡುವಾ ನಾಲ್ಕನೆಯದಕ್ಕೆ, 1870ರ ಕಬ್ಬನ್ ಪಾರ್ಕ್ ಐದನೆಯದಕ್ಕೆ ಉದಾಹರಣೆ. ಕೃಷ್ಣರಾಜಸಾಗರದ ಕೆಳಗಿನ ಬೃಂದಾವನ ಉದ್ಯಾನದಲ್ಲಿ ಎರಡು ಪ್ರಕಾರಗಳು ಕೂಡಿವೆ. ದಿವಾನ್ ಮಿರ್ಜಾ ಇಸ್ಮಾಯಿಲ್ ಕಾಶ್ಮೀರದ ಶಾಲಿಮಾರ್ ಮಾದರಿಯಿಂದ ಪ್ರೇರಣೆ ಪಡೆದು ಅದನ್ನು ಮಾಡಿಸಿದರು. ಅರಸರ ಉದ್ಯಾನದ ಮೆಟ್ಟಿಲು ವಿನ್ಯಾಸ ಅಲ್ಲಿ ಅಣೆಕಟ್ಟಿನ ನೀರಿನಿಂದ ಸಾರ್ವಜನಿಕ ನೋಟವಾಯಿತು.

ಈ ವಿಂಗಡಣೆಯಲ್ಲಿ ಸಿಕ್ಕದ ನೆಲಗಳಿಗಾಗಿ 1992ರಲ್ಲಿ ಯುನೆಸ್ಕೊ ಸಾಂಸ್ಕೃತಿಕ ಭೂದೃಶ್ಯವೆಂಬ ವರ್ಗವನ್ನು ವಿಶ್ವ ಪರಂಪರೆಯ ನಿಯಮಗಳಿಗೆ ಸೇರಿಸಿತು. ಉದ್ದೇಶದಿಂದ ವಿನ್ಯಾಸಗೊಂಡದ್ದು, ಬದುಕಿನ ಜೊತೆ ತಾನಾಗಿ ಬೆಳೆದದ್ದು, ನಂಬಿಕೆಯಿಂದ ಅರ್ಥ ಪಡೆದದ್ದು ಎಂದು ಅದರಲ್ಲಿ ಮೂರು ಬಗೆ. ಉದ್ಯಾನವೆಂಬ ಕಲ್ಪನೆಯೇ ಯುರೋಪಿನದು, ಭಾರತದ ನೆಲಕ್ಕೆ ಅದನ್ನು ಹೊಂದಿಸುವುದು ಬಲವಂತ ಎಂಬ ಆಕ್ಷೇಪಕ್ಕೆ ಇಲ್ಲಿ ಸಮಾಧಾನವಿದೆ. ಉತ್ತರ ಕನ್ನಡದ ಅಡಕೆ ತೋಟವನ್ನು ಅದಕ್ಕೆ ಗೊಬ್ಬರದ ಸೊಪ್ಪು ಕೊಡುವ ಸೊಪ್ಪಿನ ಬೆಟ್ಟದಿಂದ ಬೇರ್ಪಡಿಸಿ ಅರ್ಥ ಮಾಡಿಕೊಳ್ಳಲಾಗದು. ಕಣಿವೆಯ ತೋಟ, ತೊರೆ ಮತ್ತು ಗುಡ್ಡದ ಕಾಡು ಸೇರಿ ಒಂದೇ ಭೂದೃಶ್ಯ, ಅದು ಎರಡನೆಯ ಬಗೆಗೆ ಸೇರುತ್ತದೆ. ಕೊಡಗಿನ ದೇವರಕಾಡು ಮೂರನೆಯ ಬಗೆಯದು. ಹಂಪಿಯ ರಾಜಾವರಣದಲ್ಲಿ ಮೂರು ಬಗೆಗಳೂ ಹೆಣೆದುಕೊಂಡಿವೆ. 1443ರಲ್ಲಿ ಅಲ್ಲಿಗೆ ಬಂದ ಪರ್ಷಿಯಾದ ರಾಯಭಾರಿ ಅಬ್ದುರ್ ರಜಾಕ್ ಹೊರಗಿನ ಕೋಟೆಗಳ ನಡುವೆ ಹೊಲಗಳೂ ತೋಟಗಳೂ ಇದ್ದುದನ್ನು ದಾಖಲಿಸಿದ್ದಾನೆ. ಅಲ್ಲಿ ಅಗೆದಾಗ ಹೊರಬಂದ ಮೆಟ್ಟಿಲು ಕೊಳಕ್ಕೆ ಕಲ್ಲಿನ ಮೇಲ್ಗಾಲುವೆಯಿಂದ ನೀರು ಬರುತ್ತಿತ್ತು. ಆ ಕೊಳದ ಕಲ್ಲುಗಳ ಮೇಲೆ ಜೋಡಣೆಯ ಕ್ರಮ ತಿಳಿಸುವ ಕನ್ನಡ ಅಕ್ಷರದ ಗುರುತುಗಳಿವೆ. ಉದ್ಯಾನದ ಪದಗಳು ಹೊರಗಿನಿಂದ ಬಂದಿರಬಹುದು, ಅದಕ್ಕೆ ಬೇಕಾದ ಸಾಕ್ಷಿ ಈ ನೆಲದ ಭಾಷೆಯಲ್ಲೇ ಇದೆ.

ಉಪಯೋಗಗಳು

ಉದ್ಯಾನ ಇತಿಹಾಸದ ನೇರ ಬಳಕೆ ಸಂರಕ್ಷಣೆಯಲ್ಲಿ. ಕಟ್ಟಡಗಳಿಗಾಗಿ 1964ರಲ್ಲಿ ರೂಪುಗೊಂಡ ವೆನಿಸ್ ಸನ್ನದು ತೋಟಗಳಿಗೆ ಸಾಲದಾದಾಗ 1982ರಲ್ಲಿ ಫ್ಲಾರೆನ್ಸ್ ಸನ್ನದು ಅಂಗೀಕೃತವಾಯಿತು. ಚಾರಿತ್ರಿಕ ಉದ್ಯಾನದ ಸಾಮಗ್ರಿ ಜೀವಂತವಾದದ್ದು, ಆದ್ದರಿಂದ ನಶಿಸುವಂಥದೂ ಮರಳಿ ಚಿಗುರುವಂಥದೂ ಹೌದೆಂದು ಅದು ಒಪ್ಪುತ್ತದೆ. ಗಿಡ ಸತ್ತಮೇಲೆ ಅಸಲಿ ಎಲ್ಲಿದೆ ಎಂಬ ಹಳೆಯ ಆಕ್ಷೇಪವನ್ನು ಇದು ಹೀಗೆ ಎದುರಿಸುತ್ತದೆ: ಅಸಲಿತನ ಒಂದೊಂದು ಗಿಡದಲ್ಲಿಲ್ಲ, ನೆಲದ ಏರಿಳಿತ, ನೀರಿನ ಹರಿವು, ನೆಡುವ ಕ್ರಮ ಮತ್ತು ಅದನ್ನು ಮುಂದುವರಿಸುವ ಪಾಲನೆಯಲ್ಲಿದೆ. ಯಾವ ಒಂದು ಕಾಲಘಟ್ಟಕ್ಕೂ ತಾತ್ತ್ವಿಕವಾಗಿ ಮೇಲುಗೈ ಕೊಡಕೂಡದೆಂದೂ, ಪೂರ್ತಿ ಅಳಿದ ತೋಟವನ್ನು ಊಹೆಯಿಂದ ಕಟ್ಟಿದರೆ ಅದು ಚಾರಿತ್ರಿಕ ಉದ್ಯಾನವಾಗದೆಂದೂ ಸನ್ನದು ಹೇಳುತ್ತದೆ. ನಿಯಮ ಸ್ಪಷ್ಟವಾಗಿದ್ದರೂ ಆಯ್ಕೆ ಸುಲಭವಲ್ಲ. ನೆದರ್ಲೆಂಡ್ಸ್‌ನ ಹೆಟ್ ಲೋ ಅರಮನೆಯಲ್ಲಿ 1977–1984ರ ನಡುವೆ 17ನೆಯ ಶತಮಾನದ ಉದ್ಯಾನವನ್ನು ಮರಳಿ ಕಟ್ಟಲು ಅದರ ಮೇಲೆ ಬೆಳೆದಿದ್ದ ನಂತರದ ಭೂದೃಶ್ಯ ಪದರವನ್ನು ತೆಗೆದುಹಾಕಬೇಕಾಯಿತು. ಭಾರತದಲ್ಲಿ ಮೊಗಲ್ ಉದ್ಯಾನವೆಂದರೆ ವಿಶಾಲ ಹುಲ್ಲುಹಾಸು ಎಂಬ ಭಾವನೆ ಬೇರೂರಿದೆ. ಆದರೆ ತಾಜ್ ಮಹಲಿನ ಹುಲ್ಲುಹಾಸು ವೈಸ್‌ರಾಯ್ ಕರ್ಜನ್ ಕಾಲದ ಬ್ರಿಟಿಷ್ ಅಭಿರುಚಿಯಿಂದ ಬಂದದ್ದು. ಸಮಾಧಿ ಉದ್ಯಾನದ ಮಡಿಗಳಲ್ಲಿ ಹಣ್ಣಿನ ಮರಗಳಿರುತ್ತಿದ್ದವು, ಅವುಗಳ ಆದಾಯ ಪಾಲನೆಯ ಖರ್ಚಿಗೆ ಒದಗುತ್ತಿತ್ತು. ಹುಮಾಯೂನನ ಸಮಾಧಿಯ ಉದ್ಯಾನದಲ್ಲಿ 1997ರಿಂದ 2003ರವರೆಗೆ ಆಗಾ ಖಾನ್ ಸಂಸ್ಕೃತಿ ನಿಧಿ ಮತ್ತು ಭಾರತೀಯ ಪುರಾತತ್ತ್ವ ಸರ್ವೇಕ್ಷಣ ನಡೆಸಿದ ಕೆಲಸದಲ್ಲಿ ಕಾಲುವೆಗಳಲ್ಲಿ ಮತ್ತೆ ನೀರು ಹರಿಸುವುದಕ್ಕೆ ಪ್ರಮುಖ ಸ್ಥಾನವಿತ್ತು.

ಎರಡನೆಯ ಉಪಯೋಗ ಸಾಮಾಜಿಕ ಇತಿಹಾಸದಲ್ಲಿ. ತೋಟಕ್ಕೆ ಒಡೆಯನ ಹೆಸರು ಉಳಿಯುತ್ತದೆ, ಕಪಿಲೆ ಹೊಡೆದವನ ಹೆಸರು ಉಳಿಯುವುದಿಲ್ಲ. ಬೆಂಗಳೂರಿನ ತೋಟಗಾರಿಕೆಯಲ್ಲಿ ತಲೆಮಾರುಗಳಿಂದ ತೊಡಗಿದ ತಿಗಳ ಸಮುದಾಯದ ಪಾಲನ್ನು ಲೆಕ್ಕಕ್ಕೆ ತಾರದೆ ಆ ನಗರದ ಉದ್ಯಾನ ಇತಿಹಾಸ ಪೂರ್ತಿಯಾಗದು. ಅಮೆರಿಕದ ಮಾಂಟಿಚೆಲೊದಲ್ಲಿ ಥಾಮಸ್ ಜೆಫರ್ಸನ್ ದಶಕಗಳ ಕಾಲ ಬರೆದಿಟ್ಟ ತೋಟದ ದಿನಚರಿಯನ್ನು ಇಂದಿನ ವಿದ್ವಾಂಸರು ಅಲ್ಲಿ ದುಡಿದ ಗುಲಾಮರ ಬದುಕಿನ ಕುರುಹುಗಳ ಜೊತೆಗಿಟ್ಟು ಓದುತ್ತಾರೆ. ಮೂರನೆಯ ಉಪಯೋಗ ನೀರಿನ ನಿರ್ವಹಣೆಯಲ್ಲಿ. ಬೀದರಿನ ಕರೇಜ್ ಸುರಂಗ ಕಾಲುವೆ, ವಿಜಯಪುರದ ಬಳಿಯ ಕುಮಟಗಿಯ ಜಲಮಂಟಪಗಳಂಥ ರಚನೆಗಳ ಅಧ್ಯಯನದಿಂದ ಒಣನಾಡು ನೀರನ್ನು ಹೇಗೆ ಹಂಚಿಕೊಂಡಿತೆಂಬುದು ತಿಳಿಯುತ್ತದೆ.

ಇಂದಿನ ಸ್ಥಿತಿ

ವೈಮಾನಿಕ ಛಾಯಾಚಿತ್ರ, ನೆಲದೊಳಗೆ ನೋಡುವ ರಾಡಾರ್, ಲೇಸರ್ ಅಳತೆ, ಪರಾಗ ವಿಶ್ಲೇಷಣೆ ಈಗ ಈ ಶಾಖೆಯ ಸಾಮಾನ್ಯ ಉಪಕರಣಗಳು. ಹಂಪಿ ಸುತ್ತಲಿನ ಅಧ್ಯಯನಗಳಲ್ಲಿ ಕಮಲಾಪುರದ ಕೆರೆಯ ಹೂಳಿನಲ್ಲಿ ಉಳಿದ ಪರಾಗವನ್ನು ಬಳಸಿ ಬೇಸಾಯ ಮತ್ತು ಸಸ್ಯವರ್ಗದ ಬದಲಾವಣೆಯನ್ನು ಗುರುತಿಸಲಾಗಿದೆ. 2012ರಲ್ಲಿ ದೌದ್ ಅಲಿ ಮತ್ತು ಎಮ್ಮಾ ಫ್ಲಾಟ್ ಸಂಪಾದಿಸಿದ ಸಂಕಲನವು ವಸಾಹತು ಪೂರ್ವದ ದಖನ್ನಿನ ಉದ್ಯಾನ ಮತ್ತು ಭೂದೃಶ್ಯಗಳನ್ನೇ ವಿಷಯವಾಗಿಸಿಕೊಂಡಿತು. ಮೊಗಲ್ ಉದ್ಯಾನದ ಅಳತೆಗೋಲಿನಿಂದಲೇ ಭಾರತದ ತೋಟಗಳನ್ನೆಲ್ಲ ಅಳೆಯುವ ರೂಢಿ ಇದರಿಂದ ಸಡಿಲಗೊಂಡಿತು. ಭಾರತದಲ್ಲಿ ಈ ಅಧ್ಯಯನ ಪುರಾತತ್ತ್ವ, ವಾಸ್ತುಶಿಲ್ಪ ಮತ್ತು ತೋಟಗಾರಿಕೆಗಳ ನಡುವೆ ಹಂಚಿಹೋಗಿದೆ. ಸ್ಮಾರಕವನ್ನು ಒಬ್ಬರು, ಅದರ ಸುತ್ತಲಿನ ಗಿಡಗಳನ್ನು ಇನ್ನೊಬ್ಬರು, ನೀರು ತರುವ ಕೆರೆಯನ್ನು ಮತ್ತೊಬ್ಬರು ನೋಡಿಕೊಳ್ಳುವ ಆಡಳಿತ ಕ್ರಮ ಈ ಹಂಚಿಕೆಯನ್ನು ಗಟ್ಟಿಗೊಳಿಸುತ್ತದೆ. ಕರ್ನಾಟಕದಲ್ಲಿ 1975ರ ಸರ್ಕಾರಿ ಉದ್ಯಾನಗಳ ಸಂರಕ್ಷಣಾ ಕಾಯಿದೆ ಲಾಲ್‌ಬಾಗ್ ಮತ್ತು ಕಬ್ಬನ್ ಪಾರ್ಕ್‌ಗಳ ಜಾಗವನ್ನು ಒತ್ತುವರಿಯಿಂದ ಕಾಯುತ್ತದೆ. ಎಲ್ಲೆಯನ್ನು ಕಾನೂನು ಕಾಯಬಲ್ಲದು, ಎಲ್ಲೆಯೊಳಗಿನ ಪದರಗಳನ್ನು ಗುರುತಿಸಿ ದಾಖಲಿಸುವುದು ಇತಿಹಾಸಕಾರನ ಕೆಲಸ. ಅದಕ್ಕೆ ಬೇಕಾದ ಆಕರಗಳು ಉದ್ಯಾನದ ಗೋಡೆಯ ಹೊರಗೂ ಹರಡಿವೆ: ದೇವಾಲಯಕ್ಕೆ ಬಿಟ್ಟ ಪೂದೋಂಟದ ಶಾಸನಗಳಲ್ಲಿ, ಬಾಗಾಯ್ತಿನ ಕಂದಾಯ ಲೆಕ್ಕಗಳಲ್ಲಿ, ಹಳೆಯ ಬಾವಿ ಮತ್ತು ಕೆರೆ ಕಾಲುವೆಗಳಲ್ಲಿ, ತೋಟದ ಆಳುಗಳ ಬಾಯಿಮಾತಿನ ತಿಳಿವಳಿಕೆಯಲ್ಲಿ. ಶಾಸನ ಕಲ್ಲಿನಲ್ಲಿದೆ, ಲೆಕ್ಕ ಕಾಗದದಲ್ಲಿದೆ. ಬಾವಿಯನ್ನು ಒಂದೇ ದಿನದಲ್ಲಿ ಮುಚ್ಚಿಬಿಡಬಹುದು, ಬಾಯಿಮಾತು ಒಂದು ತಲೆಮಾರಿನೊಡನೆ ಹೋಗಿಬಿಡಬಹುದು. ಆದ್ದರಿಂದ ದಾಖಲಿಸುವ ಕೆಲಸದಲ್ಲಿ ಈ ಕೊನೆಯ ಎರಡಕ್ಕೆ ಮೊದಲ ಸರದಿ.